'ಡಿ-ರಿಸ್ಕಿಂಗ್'ಗೆ 'ಹಂಗು' ಒಗ್ಗುತ್ತದಾ?

ಗೆಳೆಯರೇ,

ಯುರೋಪ್-ಚೀನಾ ವ್ಯಾಪಾರದ ಬಗ್ಗೆ ಒಂದು ಬರಹವನ್ನು ಕನ್ನಡಕ್ಕೆ ತರುತ್ತಿದ್ದೇನೆ. ಎರಡು ದಿನದಿಂದ ಒಂದೇ ಸಾಲಿನ ಮುಂದೆ ಕೂತಿದ್ದೇನೆ. 2023ರ ಮಾರ್ಚ್‌ನಲ್ಲಿ ಯುರೋಪ್ ಒಕ್ಕೂಟದ ಆಡಳಿತ ನಡೆಸುವ ಯುರೋಪಿಯನ್ ಕಮಿಷನ್‌ನ ಅಧ್ಯಕ್ಷೆ ಉರ್ಸುಲಾ ವಾನ್ ಡೆರ್ ಲೇಯೆನ್, ಚೀನಾ ವಿಚಾರದಲ್ಲಿ ನಮಗೆ 'ಡಿಕಪ್ಲಿಂಗ್' ಬೇಡ, 'ಡಿ-ರಿಸ್ಕಿಂಗ್' ಬೇಕು ಅಂದರು. ಅದೇ ವರ್ಷದ ಮೇನಲ್ಲಿ ಹಿರೋಶಿಮಾದಲ್ಲಿ ಸೇರಿದ ಜಿ7 ನಾಯಕರ ಹೇಳಿಕೆಯಲ್ಲೂ ಈ ಜೋಡಿ ಬಂತು.

ಮೊದಲನೆಯದು ಸುಲಭ, 'ನಂಟು ಕಡಿದುಕೊಳ್ಳುವುದು' ಸಾಕು. ಎರಡನೆಯದಕ್ಕೆ 'ಅಪಾಯ ತಗ್ಗಿಸುವುದು' ಅಂತ ಬರೆದೆ. ವಿಮೆ ಪಾಲಿಸಿಯ ಮಾತಿನ ಹಾಗೆ ಕೇಳಿಸಿತು. 'ಅವಲಂಬನೆ ಇಳಿಸುವುದು' ಸ್ವಲ್ಪ ವಾಸಿ. ಆದರೆ ಬಳ್ಳಿಯೂ ಮರವನ್ನು ಅವಲಂಬಿಸುತ್ತದೆ. ಅದರಲ್ಲಿ ಮುಜುಗರವೇನಿದೆ?

ಇಲ್ಲಿರುವುದು ಮುಜುಗರವೇ. ಗ್ಯಾಲಿಯಂ ಎಂಬ ಲೋಹದಲ್ಲಿ ಜಗತ್ತಿನ ಬಹುಪಾಲು ತಯಾರಾಗುವುದು ಚೀನಾದಲ್ಲಿ. ರೇಡಾರ್ ಚಿಪ್‌ಗೆ ಅದು ಬೇಕು. ಕತ್ತಲಲ್ಲಿ ನೋಡುವ ಕ್ಯಾಮೆರಾದ ಲೆನ್ಸ್‌ಗೆ ಜರ್ಮೇನಿಯಂ ಬೇಕು. ಇವೆರಡರ ರಫ್ತಿಗೂ ಲೈಸೆನ್ಸ್ ಬೇಕೆಂದು 2023ರ ಆಗಸ್ಟ್ 1ರಿಂದ ಚೀನಾ ನಿಯಮ ತಂದಿತು. ಆಗಿನ್ನೂ ನಿಷೇಧವೇನೂ ಇರಲಿಲ್ಲ. ಆದರೂ ಕೈಯಲ್ಲಿ ದುಡ್ಡು ಹಿಡಿದವರು ಮಾರುವವನ ಮುಖ ನೋಡಿಕೊಂಡು ಕಾಯಬೇಕಾಯಿತು.

ಆಗ ಹೊಳೆದ ಪದ 'ಹಂಗು'. 'ಹಂಗಿನ ಅರಮನೆ' ಅಂದರೆ ಯಾರಿಗೂ ಬಿಡಿಸಿ ಹೇಳಬೇಕಿಲ್ಲ, ಅಲ್ವಾ? 'ನಂಟು ಇರಲಿ, ಹಂಗು ತಗ್ಗಲಿ' ಅಂತ ಬರೆದು ನೋಡಿದೆ. ಸಾಲು ಕೂಡಲೇ ಕನ್ನಡವಾಯಿತು.

ಒಂದು ಅನುಮಾನ ಮಾತ್ರ ಬಿಡುತ್ತಿಲ್ಲ. ಹಂಗು ಹುಟ್ಟುವುದು ಉಪಕಾರದಿಂದ. ದುಡ್ಡು ಕೊಟ್ಟು ಕೊಂಡಲ್ಲಿ ಹಂಗೆಲ್ಲಿ ಬಂತು? ಆದರೆ 'ಜೀವದ ಹಂಗು ತೊರೆದು ಹೋರಾಡಿದರು' ಅಂತ ದಿನಾ ಬರೆಯುತ್ತೇವೆ. ಜೀವ ನಮಗೇನು ಸಾಲ ಕೊಟ್ಟಿದೆಯಾ? ಹಾಗಾಗಿ ಪದ ಆಗಲೇ ಉಪಕಾರವನ್ನು ದಾಟಿ ಹಿಗ್ಗಿದೆ ಅನ್ನುವುದು ನನ್ನ ಎಣಿಕೆ. ಮಾರುವವನು ಒಬ್ಬನೇ ಆದಾಗ ಬೆಲೆ ತೆತ್ತರೂ ಹಂಗು ತೀರುವುದಿಲ್ಲ.

ಕ್ರಿಯಾಪದದಲ್ಲೂ ತೊಡಕಿದೆ. 'ಹಂಗು ತೊರೆ', 'ಹಂಗು ಹರಿ' ಎರಡೂ ಒಂದೇ ಏಟಿಗೆ ಮುಗಿಸುವ ಮಾತು. ಇಲ್ಲಿ ನಡೆಯುತ್ತಿರುವುದು ನಿಧಾನದ ಕೆಲಸ, ಬೇರೆ ಬೇರೆ ಕಡೆಯಿಂದ ಸರಕು ಹೊಂದಿಸಿಕೊಳ್ಳುವುದು. ಅದಕ್ಕೇ 'ತಗ್ಗಿಸು' ಹಿಡಿದೆ. ಆದರೆ 'ಹಂಗು ತಗ್ಗಿಸು' ಅಂತ ಯಾರಾದರೂ ಮಾತಾಡುವುದನ್ನು ನಾನು ಕೇಳಿಲ್ಲ.

ಇನ್ನೊಂದು ಸಣ್ಣ ವಿಷಯ. 2019ರಲ್ಲಿ ಅದೇ ಕಮಿಷನ್ ಚೀನಾವನ್ನು ಪಾಲುದಾರ, 'ಕಾಂಪಿಟಿಟರ್', 'ರೈವಲ್' ಎಂದು ಒಟ್ಟಿಗೇ ಕರೆದಿತ್ತು. 'ಪ್ರತಿಸ್ಪರ್ಧಿ' ಅಂದರೆ ಕೊನೆಯ ಎರಡೂ ಒಂದಾಗಿಬಿಡುತ್ತವೆ. 'ಪೈಪೋಟಿಗಾರ', 'ಎದುರಾಳಿ' ಅಂತ ಬೇರ್ಪಡಿಸಿದ್ದೇನೆ. 'ವೈರಿ' ಜಾಸ್ತಿಯಾಯಿತು ಅನ್ನಿಸಿ ಬಿಟ್ಟೆ.

ನಿಮ್ಮ ಕಡೆಯ ಮಾತಿನಲ್ಲಿ ಹಂಗು ಕಡಿಮೆಯಾಗುವುದಕ್ಕೆ ಏನನ್ನುತ್ತೀರಿ? ಇಳಿಯುತ್ತದಾ, ಸಡಿಲವಾಗುತ್ತದಾ, ಕಳೆಯುತ್ತದಾ?