ಹುಸ್ಸೊ ಪಾತ್ರ ಮಾಡಿದಾಕೆ ಯಾರು?

ಕಳೆದ ಸಂಚಿಕೆಯ ಸಮಸ್ಯೆ: ‘ಆನ್ನಾ-ಲೀಸಾ’ (1922) ಎಂಬ ಫಿನ್ನಿಶ್ ಮೂಕಿ ಚಿತ್ರದಲ್ಲಿ ಹುಸ್ಸೊ ಆಗಿ ನಟಿಸಿದ ಮಿಮ್ಮಿ ಲ್ಯಾಹ್ತೇನೊಯಾ ಬಗ್ಗೆ ನಮ್ಮ ಫಿಲ್ಮ್ ಸೊಸೈಟಿಯ ಪತ್ರಿಕೆಗೆ ಬರೆಯಬೇಕಿದೆ. ಚಿತ್ರಗಳ ಪಟ್ಟಿ ಬಿಟ್ಟು ಬೇರೇನೂ ಸಿಗುತ್ತಿಲ್ಲ. ಫಿನ್ನಿಶ್ ಬಾರದು. ಏನು ಮಾಡಲಿ? — ಓದುಗರೊಬ್ಬರು, ಶಿವಮೊಗ್ಗ

ಓದುಗರ ಸ್ಪಂದನ

ನೀವು ಸಿನಿಮಾದಲ್ಲಿ ಹುಡುಕುತ್ತಿರುವುದೇ ತೊಡಕು. ಆ ಕಾಲದ ಫಿನ್ಲೆಂಡಿನಲ್ಲಿ ಪೋಷಕ ನಟಿ ಎಂದರೆ ಬಹುಮಟ್ಟಿಗೆ ರಂಗನಟಿಯೇ. ಚಳಿಗಾಲವೆಲ್ಲ ನಾಟಕ, ಬೇಸಿಗೆಯಲ್ಲಿ ರಂಗಮಂದಿರಕ್ಕೆ ರಜೆ, ಹೊರಗೆ ಧಾರಾಳ ಬೆಳಕು, ಶೂಟಿಂಗ್ ಆಗ. ‘ಆನ್ನಾ-ಲೀಸಾ’ ನಿರ್ದೇಶಿಸಿದ ತೆಉವೊ ಪುರೊ, ಯೂಸಿ ಸ್ನೆಲ್ಮನ್ ಇಬ್ಬರೂ ರಂಗಭೂಮಿಯವರು. ಮೂಲವೂ ಮಿನ್ನಾ ಕಾಂತ್ ಅವರ 1895ರ ನಾಟಕ. ಹಾಗಾಗಿ ಮೊದಲು ‘ಇಲೋನಾ’ ಎಂಬ ರಂಗಪ್ರದರ್ಶನಗಳ ದತ್ತಸಂಚಯ ನೋಡಿ. ಆಮೇಲೆ ಹೆಲ್ಸಿಂಕಿಯ ರಂಗಭೂಮಿ ವಸ್ತುಸಂಗ್ರಹಾಲಯಕ್ಕೆ ನಟಿಯ ಹೆಸರು, ನಾಟಕ, ವರ್ಷ ಮೂರನ್ನೂ ಬರೆದು ಕೇಳಿ. ‘ಏನಿದೆಯೋ ಕಳಿಸಿ’ ಎಂದರೆ ಕೆಲಸ ಆಗುವುದಿಲ್ಲ.

ಪಟ್ಟಿಯಲ್ಲಿ 1917–1919ರ ಸುಮಾರಿಗೆ ಖಾಲಿ ಕಂಡರೆ ನಟಿ ಸುಮ್ಮನಿದ್ದರು ಎಂದು ಬರೆದುಬಿಡಬೇಡಿ. 1916ರ ಕೊನೆಗೆ, ಆಗ ಫಿನ್ಲೆಂಡನ್ನು ಆಳುತ್ತಿದ್ದ ರಷ್ಯದ ಆಡಳಿತ ಚಿತ್ರೀಕರಣವನ್ನೇ ನಿಷೇಧಿಸಿತು, 1918ರಲ್ಲಿ ಅಂತರ್ಯುದ್ಧ, ಮುಂದೆ ಸುಓಮಿ-ಫಿಲ್ಮಿ ಎಂದು ಹೆಸರಾದ ಕಂಪನಿ ಹುಟ್ಟಿದ್ದು 1919ರಲ್ಲಿ.
— ಧಾರವಾಡ

ಫಿನ್ಲೆಂಡಿನ ರಾಷ್ಟ್ರೀಯ ಗ್ರಂಥಾಲಯದ ಡಿಜಿಟಲ್ ಪತ್ರಿಕೆಗಳು ನಿಮಗೆ ನಿಜವಾದ ಗಣಿ. 1920ರ ದಶಕದವು ಪುಕ್ಕಟೆ. ಆದರೆ ಪೂರ್ತಿ ಹೆಸರು ಕೊಟ್ಟು ಹುಡುಕಿದರೆ ಕೈಗೆ ಹೆಚ್ಚೇನೂ ಹತ್ತುವುದಿಲ್ಲ. ವಿಮರ್ಶಕರು ಹೆಚ್ಚಾಗಿ ಬರೆಯುತ್ತಿದ್ದುದು ‘ರೊಉವಾ’ (ಶ್ರೀಮತಿ) ಅಥವಾ ‘ನೇಯ್ತಿ’ (ಕುಮಾರಿ) ಎಂಬುದರ ಸಂಕ್ಷಿಪ್ತ ರೂಪ, ಮುಂದೆ ಬರೀ ಮನೆತನದ ಹೆಸರು. ಆ ಹೆಸರಿಗೂ ವಿಭಕ್ತಿ ಅಂಟುತ್ತದೆ: ‘ಲ್ಯಾಹ್ತೇನೊಯಾ ಅವರ’ ಎನ್ನಲು ‘ಲ್ಯಾಹ್ತೇನೊಯಾನ್’. ಆದ್ದರಿಂದ ಮನೆತನದ ಹೆಸರು ಮಾತ್ರ ಹಾಕಿ, ಕೊನೆಗೆ ನಕ್ಷತ್ರ ಚಿಹ್ನೆ (*) ಕೊಡಿ, ಯಾವ ವಿಭಕ್ತಿ ಅಂಟಿದ್ದರೂ ಸಿಗುತ್ತದೆ. ವರ್ಷ 1922ಕ್ಕೆ ಕಟ್ಟಿಹಾಕಿ, ಜೊತೆಗೆ ‘ಹುಸ್ಸೊನ್’ (ಹುಸ್ಸೊಳ) ಎಂಬ ರೂಪವನ್ನೂ ಪ್ರತ್ಯೇಕವಾಗಿ ಹುಡುಕಿ.

ಇನ್ನೊಂದು ಕಾಟ ಅಕ್ಷರದ್ದು. ಹಳೆಯ ಫಿನ್ನಿಶ್ ಪತ್ರಿಕೆಗಳಲ್ಲಿ ಎಷ್ಟೋ ಫ್ರಾಕ್ಟುರ್ ಎಂಬ ಕೊಕ್ಕೆ ಅಕ್ಷರದಲ್ಲಿವೆ. ಯಂತ್ರ ಅದನ್ನು ತಪ್ಪು ಓದುತ್ತದೆ. ನಟಿಯ ಹೆಸರಿನ ‘ಎ’ (ä) ಮೇಲಿನ ಎರಡು ಚುಕ್ಕಿ ಹಾರಿಹೋಗಿರಬಹುದು, ಹಾಗಾಗಿ ಚುಕ್ಕಿ ಇಟ್ಟೂ ಬಿಟ್ಟೂ ಹುಡುಕಿ. ‘ವಿ’ ಇರುವಲ್ಲಿ ‘ಡಬ್ಲ್ಯೂ’ ಹಾಕುವ ರೂಢಿಯೂ ಇತ್ತು. ಇದೇ ಚಿತ್ರದ ಗ್ರೆಟಾ ವಾಹ್ತೆರಾ ಅವರನ್ನು ಹುಡುಕುವಾಗ ಎರಡೂ ಬೇಕು. ಪುಸ್ತಕದ ಅಕಾರಾದಿಯಲ್ಲಿ ಚುಕ್ಕಿಯ ‘ಎ’ ವರ್ಣಮಾಲೆಯ ಕೊನೆಗೆ ಬರುತ್ತದೆ. ಅಂದರೆ ನಿಮ್ಮ ನಟಿ ‘ಎಲ್-ವೈ’ (Ly) ಎಂದು ಶುರುವಾಗುವ ಹೆಸರುಗಳೆಲ್ಲ ಮುಗಿದ ಮೇಲೆ ಸಿಗುತ್ತಾರೆ. ‘ಎಲ್-ಎ’ ನೋಡಿ ಇಲ್ಲವೆಂದು ಮುಚ್ಚಿಡಬೇಡಿ.

ಹೆಸರೇ ಬದಲಾಗುವುದೂ ಉಂಟು. 1906ರ ಮೇ 12ರಂದು, ಫಿನ್ನಿಶ್ ಭಾಷೆಯ ಪರ ದುಡಿದ ಚಿಂತಕ ಯೋ. ವಿ. ಸ್ನೆಲ್ಮನ್ ಅವರ ಜನ್ಮಶತಮಾನೋತ್ಸವಕ್ಕೆ, ಸಾವಿರಾರು ಕುಟುಂಬಗಳು ಸ್ವೀಡಿಶ್ ಹೆಸರು ಬಿಟ್ಟು ಫಿನ್ನಿಶ್ ಹೆಸರು ಹಿಡಿದವು. ಮದುವೆಯಿಂದಲೂ ಹೆಸರು ಬದಲಾಗುತ್ತದೆ: ನಟಿ ಹೈಡಿ ಬ್ಲೋಫೀಲ್ಡ್ ಅವರೇ ಹೈಡಿ ಕೊರ್ಹೊನೆನ್. ಇಬ್ಬರೆಂದು ಎಣಿಸಿದರೆ ಲೇಖನ ಕೆಟ್ಟಿತು. ಸ್ವೀಡಿಶ್ ಭಾಷೆಯ ‘ಹುವುದ್‌ಸ್ತಾದ್ಸ್‌ಬ್ಲಾದೆತ್’ ಪತ್ರಿಕೆಯನ್ನೂ ಬಿಡಬೇಡಿ. ಅಲ್ಲಿ ಶ್ರೀಮತಿ ‘ಫ್ರೂ’ ಆಗುತ್ತಾರೆ.
— ಹೆಲ್ಸಿಂಕಿ

ಫಿನ್ನಿಶ್ ಚಿತ್ರಗಳ ಮಾಹಿತಿ ಕೊಡುವ ಎಲೊನೆಟ್ ಜಾಲತಾಣದಲ್ಲಿ ಪಾತ್ರವರ್ಗವಿದೆ. ಅದನ್ನು ಫಿನ್ಲೆಂಡಿನ ರಾಷ್ಟ್ರೀಯ ಚಲನಚಿತ್ರ ಸೂಚಿಯ ಮೊದಲ ಸಂಪುಟದೊಂದಿಗೆ (1907–1935) ತಾಳೆ ನೋಡಿ. ಚಿತ್ರವೇ ಉಳಿದಿಲ್ಲದಿದ್ದರೂ ಪಾತ್ರ ಪಾತ್ರವೇ: 1907ರ ಮೊದಲ ಕಥಾಚಿತ್ರ ಉಳಿದಿಲ್ಲ, 1959ರಲ್ಲಿ ಆಡಮ್ಸ್-ಫಿಲ್ಮಿ ಎಂಬ ಚಿತ್ರ ಕಂಪನಿಯ ಗೋದಾಮಿನ ಬೆಂಕಿಯಲ್ಲೂ ಮೂಕಿಗಳು ಸುಟ್ಟುಹೋದವು. ‘ನೋಡಲು ಸಿಗುವವು’, ‘ದಾಖಲೆಯಲ್ಲಷ್ಟೇ ಇರುವವು’ ಎಂದು ಪಟ್ಟಿಯನ್ನು ಎರಡು ಮಾಡಿ.

ತೆರೆಯ ಮೇಲೆ ಎಷ್ಟು ನಿಮಿಷ ಎಂದು ಅಳೆಯುವ ಆಸೆ ಬೇಡ. 35 ಮಿ.ಮೀ. ರೀಲು 1,000 ಮೀಟರ್ ಇದ್ದರೆ ಸೆಕೆಂಡಿಗೆ 18 ಚೌಕಟ್ಟಿನಂತೆ ಸುಮಾರು 49 ನಿಮಿಷ, 24ರಂತೆ 36. ಪ್ರತಿ ಬದಲಾದರೆ ಲೆಕ್ಕವೂ ಬದಲು. ಅದರ ಬದಲು ಹುಸ್ಸೊ ಕಥೆಯಲ್ಲಿ ಏನು ಮಾಡುತ್ತಾಳೆ ಬರೆಯಿರಿ. ಆನ್ನಾ-ಲೀಸಾ ಕೊಂದ ಹಸುಗೂಸಿನ ಗುಟ್ಟು ಗೊತ್ತಿರುವವಳು ಅವಳು. ಆ ಗುಟ್ಟನ್ನೇ ಹಿಡಿದು ಮಗ ಮಿಕ್ಕೊಗಾಗಿ ಹುಡುಗಿಯನ್ನು ಹಿಂಡುತ್ತಾಳೆ. ಪೋಷಕ ಪಾತ್ರ ಎಂಬ ಹಣೆಪಟ್ಟಿ ಇದಕ್ಕೆ ತೀರಾ ಸಣ್ಣದು.
— ಮೈಸೂರು

ಫೋಟೊ ಬೇಕಿದ್ದರೆ ಫಿನ್ಲೆಂಡಿನ ವಸ್ತುಸಂಗ್ರಹಾಲಯ, ಗ್ರಂಥಾಲಯಗಳ ಸಂಗ್ರಹ ಹುಡುಕುವ ‘ಫಿನ್ನಾ’ ಜಾಲತಾಣದಲ್ಲಿ ಸಿನಿಮಾದ ಹೆಸರಿನಿಂದ ಹುಡುಕಿ, ನಟಿಯ ಹೆಸರಿನಿಂದಲ್ಲ, ಗುಂಪಿನ ಸ್ಟಿಲ್‌ಗಳಲ್ಲಿ ಪೋಷಕ ನಟರ ಹೆಸರು ನಮೂದಾಗದೆ ಇರುವುದುಂಟು. ಪ್ರತಿ ಫೋಟೊದ ಕೆಳಗೆ ಬಳಕೆಯ ಹಕ್ಕು ಬರೆದಿರುತ್ತದೆ, ಅಚ್ಚಿಗೆ ಕೊಡುವ ಮೊದಲು ಓದಿ.
— ಬೆಂಗಳೂರು