ಕಾಟಿ ಔಟಿನೆನ್: ಗೆದ್ದದ್ದು ನಟಿಯೋ, ನಿರ್ದೇಶಕನೋ?

ಮನು: ಫಿನ್‌ಲೆಂಡ್‌ನ ಕಾಟಿ ಔಟಿನೆನ್‌ಗೆ 2002ರ ಕಾನ್ ಚಿತ್ರೋತ್ಸವದಲ್ಲಿ ಅತ್ಯುತ್ತಮ ನಟಿ ಪ್ರಶಸ್ತಿ ಬಂತು. ‘ದಿ ಮ್ಯಾನ್ ವಿತೌಟ್ ಎ ಪಾಸ್ಟ್’ ಚಿತ್ರದ ಇರ್ಮಾ ಪಾತ್ರಕ್ಕೆ. ನನ್ನ ಪ್ರಕಾರ ಅದು ನಿರ್ದೇಶಕ ಆಕಿ ಕೌರಿಸ್ಮಾಕಿಗೆ ಸಲ್ಲಬೇಕಿತ್ತು. ಆಕೆಯದ್ದು ಎಲ್ಲ ಚಿತ್ರದಲ್ಲೂ ಅದೇ ಕಲ್ಲುಮುಖ.

ವಿದ್ಯಾ: ಕಲ್ಲುಮುಖ ಅಂತೀರಾ? ಕೌರಿಸ್ಮಾಕಿಯದ್ದೇ ‘ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್’ (1990) ನೋಡಿ. ಡ್ಯಾನ್ಸ್ ಹಾಲ್‌ನಲ್ಲಿ ಪಕ್ಕದವರೆಲ್ಲ ಕುಣಿಯೋಕೆ ಎದ್ದು ಹೋಗುತ್ತಾರೆ. ಈಕೆ ಒಬ್ಬಳೇ ಉಳಿಯುತ್ತಾಳೆ. ಅಳು ಇಲ್ಲ, ಮಾತಿಲ್ಲ. ನೋಡೋರಿಗೆ ಕರುಳು ಕಿವುಚುತ್ತದೆ.

ಮನು: ಕರುಳು ಕಿವುಚಿಸಿದ್ದು ಕ್ಯಾಮೆರಾ, ಮೇಡಂ.

ಗುರು: ಅದೃಷ್ಟವೂ ಇದೆ. ಕೌರಿಸ್ಮಾಕಿಯ ‘ಡ್ರಿಫ್ಟಿಂಗ್ ಕ್ಲೌಡ್ಸ್’ (1996) ನಟ ಮಟ್ಟಿ ಪೆಲ್ಲೊನ್‌ಪಾಗೆ ಅಂತ ಇದ್ದ ಚಿತ್ರ. ಅವರು 1995ರಲ್ಲಿ ತೀರಿಕೊಂಡರು. ಆಮೇಲೆ ಕಥೆ ಈಕೆಯ ಸುತ್ತ ತಿರುಗಿತು.

ವಿದ್ಯಾ: ಒಬ್ಬರ ಸಾವನ್ನು ಇನ್ನೊಬ್ಬರ ಅದೃಷ್ಟ ಅಂತೀರಲ್ಲ, ನಾಚಿಕೆ ಆಗಲ್ವಾ? ಇಬ್ಬರೂ 1986ರಿಂದ ಜೊತೆಗೆ ನಟಿಸಿದವರು!

ಗುರು: ಸಾವಿನ ಬಗ್ಗೆ ಹಗುರವಾಗಿ ಮಾತಾಡಿಲ್ಲ. ಪಾತ್ರ ಹೇಗೆ ಸಿಕ್ಕಿತು ಅಂದೆ, ಅಷ್ಟೇ. ಸುಮ್ನೆ ಬಾಯಿಗೆ ಬಂದಂತೆ ಹೇಳಬೇಡಿ.

ವಿದ್ಯಾ: ಸಿಕ್ಕಿದ್ದಲ್ಲ, ಹೊತ್ತದ್ದು. ಆ ಚಿತ್ರದ ಮನೆಯಲ್ಲಿ ಒಂದು ಮಗುವಿನ ಫೋಟೊ ಇದೆ. ಅದು ಪೆಲ್ಲೊನ್‌ಪಾ ಅವರ ಬಾಲ್ಯದ ಫೋಟೊ. ಅದರ ಮುಂದೆ ಆಕೆ ಸುಮ್ಮನೆ ನಿಲ್ಲುತ್ತಾಳೆ. ಅಷ್ಟು ಭಾರ ಹೊರೋಕೆ ಅದೃಷ್ಟ ಸಾಕಾಗಲ್ಲ.

ಮನು: ಫೋಟೊ ಇಟ್ಟವರು ಯಾರು? ಕೌರಿಸ್ಮಾಕಿ ತಾನೇ?

ಶಶಿ: ಫೋಟೊ ಬಿಡಿ. ಔಟಿನೆನ್ ಹೆಲ್ಸಿಂಕಿಯ ಥಿಯೇಟರ್ ಅಕಾಡೆಮಿಯಲ್ಲಿ ನಟನೆಯ ಪ್ರೊಫೆಸರ್ ಆಗಿದ್ದವರು. ನಿರ್ದೇಶಕ ಕೈಹಿಡಿದು ನಡೆಸಿದ ಗೊಂಬೆಗೆ ಆ ಕೆಲಸ ಕೊಡ್ತಾರಾ?

ಗುರು: ಪ್ರೊಫೆಸರ್ ಆದರೆ ತೆರೆ ಮೇಲೂ ದೊಡ್ಡ ನಟಿ ಅಂತಲ್ಲ, ಸಾರ್. ನನ್ನ ಮಾತಿಗೆ ಉತ್ತರ ಬಂದಿಲ್ಲ. ಪೆಲ್ಲೊನ್‌ಪಾ ಇದ್ದಿದ್ದರೆ ಆ ಚಿತ್ರದ ಮುಖ್ಯ ಪಾತ್ರ ಯಾರದ್ದು?

ವಿದ್ಯಾ: ಮತ್ತೆ ಅದೇ! ‘ದಿ ಮ್ಯಾಚ್ ಫ್ಯಾಕ್ಟರಿ ಗರ್ಲ್’ ಬಂದಾಗ ಅವರು ಬದುಕಿದ್ದರು. ಆ ಚಿತ್ರ ಪೂರ್ತಿ ನಿಂತಿರೋದು ಔಟಿನೆನ್ ಮೇಲೇ.

ಮನು: ಸುಮಾರು 70 ನಿಮಿಷದ ಚಿತ್ರ ಅದು.

ವಿದ್ಯಾ: ಉದ್ದ ಅಳೆದು ನಟನೆಗೆ ಮಾರ್ಕ್ಸ್ ಕೊಡ್ತೀರಾ? ಆ 70 ನಿಮಿಷದಲ್ಲಿ ಒಬ್ಬ ಹುಡುಗಿ ಇಲಿಪಾಷಾಣ ಕೊಳ್ಳೋ ಹಂತಕ್ಕೆ ಬರುತ್ತಾಳೆ. ನಾವು ಅವಳ ಜೊತೆಗೇ ಇರ್ತೀವಿ!

ಗುರು: ಪೆಲ್ಲೊನ್‌ಪಾ ಬಗ್ಗೆ ಇನ್ನೂ ಉತ್ತರ ಬಂದಿಲ್ಲ.