ಮರಿಯಾನ್ ಕುಕ್ಯೆಲ್ ಸೇನಾಧಿಕಾರಿಯೋ, ಇತಿಹಾಸಕಾರರೋ?

ಪ್ರಶ್ನೆ
ಎರಡನೇ ಮಹಾಯುದ್ಧದಲ್ಲಿ ಪೋಲಿಷ್ ಸೇನಾಧಿಕಾರಿಗಳನ್ನು ಕೊಂದ ಕಾಟಿನ್ ಹತ್ಯಾಕಾಂಡದ ಬಗ್ಗೆ ಓದುವಾಗ ಪೋಲೆಂಡಿನ ಜನರಲ್ ಮರಿಯಾನ್ ಕುಕ್ಯೆಲ್ ಹೆಸರು ಸಿಕ್ಕಿತು. ಒಂದು ಕಡೆ ರಕ್ಷಣಾ ಮಂತ್ರಿ ಅಂತಿದೆ, ಇನ್ನೊಂದು ಕಡೆ ಇತಿಹಾಸಕಾರ ಅಂತಿದೆ. ಇಬ್ಬರೂ ಒಬ್ಬರೇನಾ? ಇತಿಹಾಸ ಬರೆದದ್ದು ನಿವೃತ್ತಿಯ ಹವ್ಯಾಸವೋ ಹೇಗೆ?

ಉತ್ತರ 1
ಒಬ್ಬರೇ. ಹವ್ಯಾಸ ಅಂತೂ ಖಂಡಿತ ಅಲ್ಲ. ಅವರು ಹುಟ್ಟಿದ 1885ರಲ್ಲಿ ಪೋಲೆಂಡ್ ನಕ್ಷೆಯಲ್ಲೇ ಇರಲಿಲ್ಲ; ರಷ್ಯಾ, ಜರ್ಮನಿ, ಆಸ್ಟ್ರಿಯಾ ಅದನ್ನು ಹಂಚಿಕೊಂಡಿದ್ದವು. ಲ್ವೂವ್‌ನಲ್ಲಿ (ಇವತ್ತಿನ ಉಕ್ರೇನಿನ ಲ್ವಿವ್) ಇತಿಹಾಸಕಾರ ಶಿಮೊನ್ ಅಸ್ಕೆನಾಜಿ ಅವರ ಕೈಕೆಳಗೆ ಇತಿಹಾಸ ಕಲಿತರು. ಅದೇ ಊರಲ್ಲಿ 1908ರಲ್ಲಿ ಸಶಸ್ತ್ರ ಹೋರಾಟಕ್ಕೆಂದು ಗುಟ್ಟಾಗಿ ಕಟ್ಟಿದ ಸಂಘಟನೆಯ ಸ್ಥಾಪಕರಲ್ಲೂ ಒಬ್ಬರಾದರು. 1926ರಲ್ಲಿ ಪಿಲ್ಸುಡ್ಸ್ಕಿ ಸೇನಾ ದಂಗೆಯಿಂದ ಅಧಿಕಾರ ಹಿಡಿದ ನಂತರ ಸೈನ್ಯ ಬಿಟ್ಟು, 1930ರಿಂದ ಕ್ರಾಕೋವ್‌ನ ಚಾರ್ಟೊರಿಸ್ಕಿ ಮ್ಯೂಸಿಯಂ ನಡೆಸಿದರು. ನೆಪೋಲಿಯನ್ನನ 1812ರ ಯುದ್ಧದ ಮೇಲಿನ ದೊಡ್ಡ ಗ್ರಂಥ 1937ರಲ್ಲಿ ಬಂತು. 1940ರಲ್ಲಿ ಮತ್ತೆ ಸಮವಸ್ತ್ರ: ಸ್ಕಾಟ್ಲೆಂಡಿನ ಪೂರ್ವ ಕರಾವಳಿ ಕಾಯುತ್ತಿದ್ದ ಪೋಲಿಷ್ ಪಡೆಯ ದಂಡನಾಯಕ.

ಉತ್ತರ 2
ನನಗೆ ಅವರ ಮೇಲೆ ಗೌರವ ಹುಟ್ಟಿದ್ದು 1943ರ ಏಪ್ರಿಲ್‌ನಲ್ಲಿ, ದೇಶ ಬಿಟ್ಟು ಲಂಡನ್‌ನಲ್ಲಿ ನೆಲೆಸಿದ್ದ ಪೋಲಿಷ್ ಸರ್ಕಾರದ ರಕ್ಷಣಾ ಮಂತ್ರಿಯಾಗಿ ಅವರು ಹೊರಡಿಸಿದ ಹೇಳಿಕೆ ಓದಿದ ಮೇಲೆ. ರಷ್ಯಾದ ಕಾಟಿನ್ ಕಾಡಲ್ಲಿ ಪೋಲಿಷ್ ಅಧಿಕಾರಿಗಳ ಹೆಣ ಸಿಕ್ಕಿವೆ ಅಂತ ಸುದ್ದಿ ಕೊಟ್ಟದ್ದು ನಾಜಿ ಜರ್ಮನಿ. ಕೊಂದದ್ದು ಸೋವಿಯತ್ತರು ಅನ್ನೋ ಆರೋಪ. ಸೋವಿಯತ್ ಒಕ್ಕೂಟ ಆಗ ಮಿತ್ರಪಕ್ಷ. ಇಂಥ ಇಕ್ಕಟ್ಟಲ್ಲಿ ಕುಕ್ಯೆಲ್ ಕೂಗಾಡಲಿಲ್ಲ, ದಾಖಲೆ ಜೋಡಿಸಿದರು. ಸೋವಿಯತ್ ಸೈನ್ಯದ ಪತ್ರಿಕೆಯೇ 1940ರ ಸೆಪ್ಟೆಂಬರ್ 17ರಂದು 1,81,000 ಪೋಲಿಷ್ ಕೈದಿಗಳು, ಅವರಲ್ಲಿ ಸುಮಾರು 10,000 ಅಧಿಕಾರಿಗಳು ಅಂತ ಬರೆದಿತ್ತಲ್ಲ, ಅದನ್ನೇ ಮುಂದಿಟ್ಟರು. ಆ ಕೈದಿಗಳನ್ನು ಇಟ್ಟಿದ್ದ ಕೋಜೆಲ್ಸ್ಕ್, ಸ್ಟಾರೋಬೆಲ್ಸ್ಕ್, ಓಸ್ಟಾಶ್ಕೋವ್ ಎಂಬ ಸೋವಿಯತ್ ಶಿಬಿರಗಳು 1940ರ ವಸಂತದಲ್ಲಿ ಹೇಗೆ ಖಾಲಿಯಾದವು, ಇನ್ನೊಂದು ಶಿಬಿರ ಗ್ರ್ಯಾಜೊವೆಟ್ಸ್‌ಗೆ ತಲುಪಿದವರು ಬರೀ 400ರಷ್ಟು ಜನ ಅನ್ನೋದನ್ನೂ ಹೇಳಿದರು. ಜರ್ಮನ್ ಪ್ರಚಾರದ ಸುಳ್ಳು ನಮಗೆ ಹೊಸದಲ್ಲ, ಆದರೂ ರೆಡ್ ಕ್ರಾಸ್‌ನಂಥ ಅಂತಾರಾಷ್ಟ್ರೀಯ ಸಂಸ್ಥೆ ಬಂದು ಪರೀಕ್ಷಿಸಲಿ ಅಂದರು.

ಇತಿಹಾಸಕಾರ ಮಂತ್ರಿ ಕುರ್ಚಿಯಲ್ಲಿ ಕೂತರೆ ಹೀಗೇ ಬರೆಯೋದು. ಎದುರಾಳಿಯ ಅಂಕಿಯಿಂದಲೇ ಎದುರಾಳಿಯನ್ನು ಪ್ರಶ್ನಿಸೋದು.

ರೆಡ್ ಕ್ರಾಸ್‌ಗೆ ಮೊರೆ ಹೋದದ್ದನ್ನೇ ನೆಪ ಮಾಡಿಕೊಂಡು ಸ್ಟಾಲಿನ್ ಏಪ್ರಿಲ್ 25ರಂದು ಪೋಲಿಷ್ ಸರ್ಕಾರದ ಜೊತೆ ಸಂಬಂಧ ಕಡಿದುಕೊಂಡ. ಮಾಸ್ಕೋ ತಪ್ಪು ಒಪ್ಪಿಕೊಂಡದ್ದು 1990ರಲ್ಲಿ. ಕುಕ್ಯೆಲ್ 1973ರಲ್ಲೇ ಇಂಗ್ಲೆಂಡಿನಲ್ಲಿ ತೀರಿಹೋಗಿದ್ದರು. ಇದು ನನ್ನನ್ನು ಈಗಲೂ ಕಾಡುತ್ತೆ.

ಪ್ರಶ್ನೆ ಕೇಳಿದವರು
ತುಂಬಾ ಥ್ಯಾಂಕ್ಸ್. ಪೋಲಿಷ್ ಬಾರದವರಿಗೆ ಅವರು ಬರೆದದ್ದು ಏನಾದ್ರೂ ಸಿಗುತ್ತಾ?

ಉತ್ತರ 2
ಸಿಗುತ್ತೆ. ರಾಜಕುಮಾರ ಆಡಂ ಚಾರ್ಟೊರಿಸ್ಕಿ ಬಗ್ಗೆ ಇಂಗ್ಲಿಷ್‌ನಲ್ಲಿ ಬರೆದ ಪುಸ್ತಕ 1955ರಲ್ಲಿ ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ ಪ್ರೆಸ್‌ನಿಂದ ಬಂದಿದೆ. ರಷ್ಯಾ ವಿರುದ್ಧದ 1830ರ ಪೋಲಿಷ್ ಬಂಡಾಯ ಸೋತ ಮೇಲೆ ಪ್ಯಾರಿಸ್‌ನಲ್ಲಿ ನೆಲೆಸಿ ಪೋಲೆಂಡಿಗಾಗಿ ದುಡಿದ ನಾಯಕ ಆತ. ಲಂಡನ್‌ನಲ್ಲಿ ದೇಶ ಬಿಟ್ಟು ಕೂತಿದ್ದ ಕುಕ್ಯೆಲ್ ಆತನನ್ನು ಯಾಕೆ ಆರಿಸಿಕೊಂಡರು ಅಂತ ಬೇರೆ ಹೇಳಬೇಕಿಲ್ಲ ಅಲ್ವಾ? ದೊಡ್ಡ ಲೈಬ್ರರಿಗಳಲ್ಲಿ ಹುಡುಕಿ ನೋಡಿ.